ಹೆದರಿಸೋ ಸದ್ದು ಮಾಡೋದು ಹೇಗೆ: ಅತ್ತಿಗುಪ್ಪೆ ಮೆಟ್ರೊ ಕೆಳಗೆ ಒಂದು ಪಾಠ

1989ರಲ್ಲಿ ಸುನೀಲ್ ಕುಮಾರ್ ದೇಸಾಯಿ ಅವರ ‘ತರ್ಕ’ ಬಂದಾಗ ಅದರಲ್ಲಿ ಒಂದೂ ಹಾಡು ಇರಲಿಲ್ಲ. ಶಂಕರ್ ನಾಗ್, ದೇವರಾಜ್, ವನಿತಾ ವಾಸು ಇರೋ ಸಿನಿಮಾ, ಆದ್ರೆ ಹಾಡಿಲ್ಲ. 1993ರಲ್ಲಿ ಅವರದೇ ‘ನಿಷ್ಕರ್ಷ’ ಬಂತು. ಮಣಿಪಾಲದ ಒಂದು ದೊಡ್ಡ ಕಟ್ಟಡ, ಒಳಗೆ ಬ್ಯಾಂಕು, ಒತ್ತೆಯಾಳುಗಳು. ಅದರಲ್ಲೂ ಹಾಡಿಲ್ಲ. ಎರಡಕ್ಕೂ ಸಂಗೀತ ಗುಣಸಿಂಗ್ ಅವರದು. ಹಾಡೇ ಇಲ್ಲದ ಸಿನಿಮಾಗೆ ಸಂಗೀತ ನಿರ್ದೇಶಕ ಯಾಕೆ ಅಂತ ಯಾರಾದ್ರೂ ಕೇಳಿದ್ರೆ, ಸೌಂಡ್ ಮ್ಯೂಟ್ ಮಾಡಿ ಇವುಗಳಲ್ಲಿ ಯಾವುದಾದ್ರೂ ಹತ್ತು ನಿಮಿಷ ತೋರಿಸಿ. ಆಮೇಲೆ ಅದೇ ಹತ್ತು ನಿಮಿಷ ಸೌಂಡ್ ಜೊತೆ ತೋರಿಸಿ. ಉತ್ತರ ಅವರಿಗೇ ಸಿಗತ್ತೆ.

ನಾವು ಸಿನಿಮಾ ಸಂಗೀತ ಅಂದ್ರೆ ಹಾಡು ಅಂತಲೇ ಮಾತಾಡ್ತೀವಿ. ‘ರಂಗಿತರಂಗ’ದ (2015) ಹಾಡುಗಳು ನಿರ್ದೇಶಕ ಅನೂಪ್ ಭಂಡಾರಿ ಅವರದೇ ಅಂತ ತುಂಬಾ ಜನರಿಗೆ ಗೊತ್ತು. ಆದ್ರೆ ಅದರ ಹಿನ್ನೆಲೆ ಸಂಗೀತ ಬೇರೆಯವರದು, ಬಿ. ಅಜನೀಶ್ ಲೋಕನಾಥ್ ಅವರದು. ಒಂದೇ ಸಿನಿಮಾ, ಎರಡು ಬೇರೆ ಬೇರೆ ಕೆಲಸ, ಇಬ್ಬರು ಬೇರೆ ಬೇರೆ ಜನ. ಹಾಡು ನಮ್ಮ ಗಮನ ಕೇಳತ್ತೆ. ಹಿನ್ನೆಲೆ ಸಂಗೀತ ನಮ್ಮ ಗಮನಕ್ಕೆ ಬರದೆ ಕೆಲಸ ಮಾಡತ್ತೆ. ಸಸ್ಪೆನ್ಸ್ ಸಿನಿಮಾದಲ್ಲಂತೂ ಅರ್ಧ ಕಥೆ ಅದೇ ಹೇಳತ್ತೆ. (ಇನ್ನೊಂದು ಮಜಾ: ಉಪೇಂದ್ರ ಅವರ 1993ರ ಹಾರರ್ ಸಿನಿಮಾ ‘ಶ್!’ಗೆ ಸಂಗೀತ ಮಾಡಿದ್ದು ಯಾರು ಗೊತ್ತಾ? ಸಾಧು ಕೋಕಿಲ. ನಮ್ಮನ್ನ ನಗಿಸೋ ಅದೇ ಸಾಧು ಕೋಕಿಲ.)

ಈ ಲೇಖನ ಬರೀತಿರೋದು ಫೆಸ್ಟ್‌ಗೆ ಶಾರ್ಟ್ ಫಿಲ್ಮ್ ಮಾಡೋ ಗೆಳೆಯರಿಗಾಗಿ. ಕ್ಯಾಂಪಸ್ ಥ್ರಿಲ್ಲರ್ ಅಂದ್ರೆ ಒಂದು ಫಾರ್ಮುಲಾ ಇದೆ. ಕತ್ತಲೆ ಕಾರಿಡಾರ್, ಹುಡುಗನ ಮುಖ, ಇಂಟರ್‌ನೆಟ್‌ನಿಂದ ಇಳಿಸಿಕೊಂಡ ‘ಹಾರರ್ ಪ್ಯಾಕ್’ನ ಒಂದು ಗುಂಯ್ ಸದ್ದು, ಆಮೇಲೆ ಢಮಾರ್. ಢಮಾರ್ ಬಂದಾಗ ಹಾಲ್ ನಗತ್ತೆ. ಎರಡು ತಿಂಗಳು ನಿದ್ದೆಗೆಟ್ಟು ಶೂಟ್ ಮಾಡಿದ ಸೀನ್‌ಗೆ ಜನ ನಕ್ಕರೆ ಅದಕ್ಕಿಂತ ನೋವು ಇನ್ನೊಂದಿಲ್ಲ. ಕ್ಯಾಮೆರಾ ಚೆನ್ನಾಗಿರತ್ತೆ, ಆ್ಯಕ್ಟಿಂಗೂ ಪರವಾಗಿಲ್ಲ. ಸದ್ದು ಎಲ್ಲವನ್ನೂ ಹಾಳು ಮಾಡಿರತ್ತೆ.

ಯಾಕೆ ಅಂತ ನೋಡೋಣ.

ಹೆದರಿಕೆ ಸ್ವರದಲ್ಲಿ ಇಲ್ಲ

ಪಾಶ್ಚಾತ್ಯ ಸಂಗೀತದ ಬಗ್ಗೆ ಓದಿದ್ರೆ ‘ಟ್ರೈಟೋನ್’ ಅನ್ನೋ ಪದ ಸಿಗತ್ತೆ. ಎರಡು ಸ್ವರಗಳ ನಡುವೆ ಸರಿಯಾಗಿ ಅರ್ಧ ಆಕ್ಟೇವ್ ಅಂತರ, ಅಂದ್ರೆ ಫ್ರೀಕ್ವೆನ್ಸಿ ಅನುಪಾತ ರೂಟ್ 2, ಸುಮಾರು 1.414. ಇದು ಭಯಾನಕ, ಅಶುಭ ಅಂತೆಲ್ಲ ಟ್ಯುಟೋರಿಯಲ್‌ಗಳಲ್ಲಿ ಹೇಳ್ತಾರೆ. ಆದ್ರೆ ನಮ್ಮ ಲೆಕ್ಕದಲ್ಲಿ ಇದು ಏನು? ಷಡ್ಜ ಇಟ್ಕೊಂಡು ಪ್ರತಿ ಮಧ್ಯಮ ಹಾಡೋದು, ಅಷ್ಟೇ. ಕಲ್ಯಾಣಿ ರಾಗದಲ್ಲಿ ದಿನಾ ಹಾಡೋ ಸ್ವರ. ವಿಜಯನಗರದ ಯಾವ ಸಂಗೀತ ಕ್ಲಾಸಿನಲ್ಲಾದ್ರೂ ಸಂಜೆ ಹೊತ್ತು ಮಕ್ಕಳು ಇದನ್ನೇ ಹಾಡ್ತಾ ಇರ್ತಾರೆ, ಯಾರೂ ಹೆದರಿ ಓಡಲ್ಲ.

ಹಾಗಾದ್ರೆ ಸಿನಿಮಾದಲ್ಲಿ ಅದೇ ಅಂತರ ಯಾಕೆ ಕೆಲಸ ಮಾಡತ್ತೆ? ಸಾ 220 ಹರ್ಟ್ಸ್ ಇಟ್ಕೊಳ್ಳಿ. ಪ್ರತಿ ಮಧ್ಯಮ ಸುಮಾರು 311, ಪಂಚಮ 330. ಕಲ್ಯಾಣಿ ಹಾಡುವಾಗ ಗಾಯಕ 311ರ ಹತ್ರ ಹೋಗಿ 330ಕ್ಕೆ ಏರಿದಾಗ ಕಿವಿಗೆ ಸಮಾಧಾನ. ಮನೆ ತಲುಪಿದ ಹಾಗೆ. ಸಸ್ಪೆನ್ಸ್ ಸಿನಿಮಾ ಮಾಡೋದೇನಂದ್ರೆ 311ರಲ್ಲೇ ನಿಂತ್ಬಿಡತ್ತೆ. ಪಂಚಮ ಕೊಡೋದೇ ಇಲ್ಲ. ಕಿವಿ ಕಾಯ್ತಾ ಇರತ್ತೆ, ಕಾಯ್ತಾನೇ ಇರತ್ತೆ. ಆ ಕಾಯೋದೇ ಸಸ್ಪೆನ್ಸ್. ಸ್ವರ ಹೆದರಿಸ್ತಿಲ್ಲ, ಬರಬೇಕಾದ ಸ್ವರ ಬರದೇ ಇರೋದು ಹೆದರಿಸ್ತಿದೆ.

ಢಮಾರ್ ಯಾಕೆ ಸೋಲತ್ತೆ ಅಂತಲೂ ಇದರಿಂದಲೇ ಗೊತ್ತಾಗತ್ತೆ. ಢಮಾರ್ ಅಂದ್ರೆ ಕಾಯಿಸೋದನ್ನ ಮುಗಿಸೋದು. ಕಾಯಿಸದೇ ಇದ್ದಾಗ ಮುಗಿಸೋಕೆ ಏನೂ ಇರಲ್ಲ.

ಕಾಯಿಸೋ ಎರಡು ಯಂತ್ರಗಳು

ಮೊದಲನೇದು ಬೀಟ್ಸ್. ಪಿಯುಸಿ ಫಿಸಿಕ್ಸ್‌ನಲ್ಲಿ ಮಾರ್ಕ್ಸ್‌ಗೋಸ್ಕರ ಓದಿ ಮರೆತದ್ದು. 110 ಹರ್ಟ್ಸ್ ಒಂದು ಸೈನ್ ವೇವ್, 113 ಹರ್ಟ್ಸ್ ಇನ್ನೊಂದು. ಎರಡೂ ಒಟ್ಟಿಗೆ ಕೇಳಿಸಿದ್ರೆ ಸೆಕೆಂಡಿಗೆ 3 ಸಲ ಉಬ್ಬಿ ತಗ್ಗೋ ಒಂದೇ ಸದ್ದಾಗತ್ತೆ. ತಂಬೂರಿ ಶ್ರುತಿ ಮಾಡೋರು ಈ ಅಲೆಯನ್ನೇ ಕೇಳಿ ತಂತಿ ಬಿಗಿ ಮಾಡ್ತಾರೆ, ಅಲೆ ನಿಧಾನ ಆಗಿ ನಿಂತಾಗ ಶ್ರುತಿ ಸೇರಿತು ಅಂತ. ನಾವು ಉಲ್ಟಾ ಹೋಗ್ಬೇಕು. ಒಂದೇ ಶ್ರುತಿಯಲ್ಲಿ ಶುರು ಮಾಡಿ ನಿಧಾನಕ್ಕೆ ಕೆಡಿಸೋದು. ಅರ್ಧ ನಿಮಿಷದಲ್ಲಿ 110ರಿಂದ 114ಕ್ಕೆ ಒಂದು ತಂತಿ ಜಾರಿಸಿ. ಏನೋ ಸರಿಯಿಲ್ಲ ಅನ್ಸತ್ತೆ, ಏನು ಅಂತ ಹೇಳೋಕೆ ಬರಲ್ಲ. ಇದಕ್ಕೆ ಯಾವ ಪ್ಲಗಿನ್ನೂ ಬೇಡ, ಆಡಾಸಿಟಿಯಲ್ಲಿ ಟೋನ್ ಜನರೇಟರ್ ಮತ್ತು ಚರ್ಪ್ ಜನರೇಟರ್ ಇದೆ, ಎರಡೂ ಪುಕ್ಕಟೆ.

ಎರಡನೇದು ಶೆಪರ್ಡ್ ಟೋನ್. ಬೆಲ್ ಲ್ಯಾಬ್ಸ್‌ನಲ್ಲಿದ್ದ ರೋಜರ್ ಶೆಪರ್ಡ್ 1964ರಲ್ಲಿ ಪ್ರಕಟಿಸಿದ್ದು. ಏರ್ತಾನೇ ಇರತ್ತೆ, ಆದ್ರೆ ಎಲ್ಲಿಗೂ ತಲುಪಲ್ಲ. ಅಲ್ಲೇ ಕೆಲಸ ಮಾಡ್ತಿದ್ದ ಫ್ರೆಂಚ್ ಸಂಯೋಜಕ ಜಾನ್ ಕ್ಲೋದ್ ರಿಸ್ಸೆ ಇದನ್ನ ಮೆಟ್ಟಿಲು ಮೆಟ್ಟಿಲಾಗಿ ಅಲ್ಲದೆ ಜಾರುಬಂಡೆ ಥರ ಸತತವಾಗಿ ಏರೋ ಹಾಗೆ ಮಾಡಿದ್ರು. 2017ರ ‘ಡನ್‌ಕರ್ಕ್’ನಲ್ಲಿ ಹ್ಯಾನ್ಸ್ ಜಿಮ್ಮರ್ ಬಳಸಿದ್ಮೇಲೆ ಎಲ್ಲರ ಬಾಯಲ್ಲೂ ಇದರ ಹೆಸರು ಬಂತು. ಕೇಳೋಕೆ ಮಾಯೆ, ಮಾಡೋಕೆ ಬರೀ ಲೆಕ್ಕ.

ಲೆಕ್ಕ ಇಲ್ಲಿದೆ. ಏಳು ಚರ್ಪ್ ಮಾಡಿ, ಒಂದೊಂದೂ 12 ಸೆಕೆಂಡು, ಒಂದೊಂದೂ ಒಂದು ಆಕ್ಟೇವ್ ಏರಬೇಕು: 55ರಿಂದ 110, 110ರಿಂದ 220, 220ರಿಂದ 440, ಹೀಗೆ ಕೊನೇದು 3520ರಿಂದ 7040. ಇಂಟರ್‌ಪೊಲೇಷನ್ ಲಾಗರಿದಮಿಕ್ ಇಡಿ, ಲೀನಿಯರ್ ಅಲ್ಲ. ಕಿವಿ ಅನುಪಾತ ಕೇಳತ್ತೆ, ವ್ಯತ್ಯಾಸ ಅಲ್ಲ. ಈಗ ಆಂಪ್ಲಿಟ್ಯೂಡ್: 55ರಲ್ಲಿ 0, 110ರಲ್ಲಿ 0.05, 220ರಲ್ಲಿ 0.12, 440ರಲ್ಲಿ 0.2, 880ರಲ್ಲಿ 0.2, 1760ರಲ್ಲಿ 0.12, 3520ರಲ್ಲಿ 0.05, 7040ರಲ್ಲಿ ಮತ್ತೆ 0. ಒಂದು ಚರ್ಪ್ ಎಲ್ಲಿ ಮುಗಿಯತ್ತೋ ಮೇಲಿನ ಚರ್ಪ್ ಅದೇ ಆಂಪ್ಲಿಟ್ಯೂಡ್‌ನಲ್ಲಿ ಶುರು ಆಗ್ಬೇಕು, ಅದೇ ಗುಟ್ಟು. ಮೇಲಿನದು ಸದ್ದಿಲ್ಲದೆ ಸಾಯತ್ತೆ, ಕೆಳಗಿನದು ಸದ್ದಿಲ್ಲದೆ ಹುಟ್ಟತ್ತೆ. ಎಲ್ಲ ಕೂಡಿಸಿದ್ರೂ 0.74 ದಾಟಲ್ಲ, ಕ್ಲಿಪ್ ಆಗಲ್ಲ. 12ನೇ ಸೆಕೆಂಡಿನ ಸ್ಪೆಕ್ಟ್ರಮ್ ಮೊದಲನೇ ಸೆಕೆಂಡಿನದೇ ಆಗಿರೋದ್ರಿಂದ ಲೂಪ್ ಮಾಡ್ಬೋದು. ಫೇಸ್ ಮಾತ್ರ ಹೊಂದಲ್ಲ, ಅದಕ್ಕೆ ಜೋಡಿಸೋ ಜಾಗದಲ್ಲಿ 20 ಮಿಲಿಸೆಕೆಂಡ್ ಕ್ರಾಸ್‌ಫೇಡ್ ಕೊಡಿ, ಇಲ್ಲಾಂದ್ರೆ ಟಿಕ್ ಅನ್ನತ್ತೆ.

ಆದ್ರೆ ಇಲ್ಲೊಂದು ತೊಂದರೆ. ಶುದ್ಧ ಸೈನ್ ವೇವ್‌ನಲ್ಲಿ ಮಾಡಿದ್ರೆ ಕೇಳೋಕೆ ಲ್ಯಾಬ್ ಡೆಮೋ ಥರಾನೇ ಇರತ್ತೆ. ಆಸಿಲೋಸ್ಕೋಪ್ ನೆನಪಾಗತ್ತೆ, ಭಯ ಆಗಲ್ಲ. ಸದ್ದಿಗೆ ಮೈ ಬೇಕು, ಅದಕ್ಕೊಂದು ಊರು ಬೇಕು. ಅದಕ್ಕೇ ಅತ್ತಿಗುಪ್ಪೆಗೆ ಹೋಗೋದು.

ರೈಲಿನಿಂದ ಶುರುವಾದ ಸಂಗೀತ

ಎಲೆಕ್ಟ್ರಾನಿಕ್ ಸಂಗೀತಕ್ಕೂ ರೈಲಿಗೂ ಹಳೇ ನಂಟು. 1948ರಲ್ಲಿ ಪ್ಯಾರಿಸ್‌ನ ರೇಡಿಯೊ ಎಂಜಿನಿಯರ್ ಪಿಯರ್ ಶೆಫರ್ ಒಂದು ನಿಲ್ದಾಣಕ್ಕೆ ಹೋಗಿ ಉಗಿಬಂಡಿಗಳ ಸದ್ದು ಡಿಸ್ಕ್ ಮೇಲೆ ರೆಕಾರ್ಡ್ ಮಾಡಿ, ಕತ್ತರಿಸಿ, ಮತ್ತೆ ಮತ್ತೆ ನುಡಿಸಿ ಒಂದು ಸಂಗೀತ ಕೃತಿ ಮಾಡಿದ್ರು. ವಾದ್ಯ ಇಲ್ಲ, ಸ್ವರಲಿಪಿ ಇಲ್ಲ. ‘ಮ್ಯೂಸಿಕ್ ಕಾಂಕ್ರೀಟ್’ ಅನ್ನೋ ಪಂಥ ಅಲ್ಲಿಂದ ಶುರು. ಮಾಡಿದ್ದು ಎಂಜಿನಿಯರ್ ಅನ್ನೋದನ್ನ ನಾವು ಅಂಡರ್‌ಲೈನ್ ಮಾಡ್ಕೋಬೇಕು!

ಇದು ಸಸ್ಪೆನ್ಸ್‌ಗೆ ಬಂದ ದೊಡ್ಡ ಉದಾಹರಣೆ ಹಿಚ್‌ಕಾಕ್ ಅವರ ‘ದಿ ಬರ್ಡ್ಸ್’, 1963. ಅದರಲ್ಲಿ ನಾವು ಅಂದುಕೊಳ್ಳೋ ಥರದ ಹಿನ್ನೆಲೆ ಸಂಗೀತ ಇಲ್ಲವೇ ಇಲ್ಲ. ‘ಸೈಕೋ’ಗೆ ಆ ಪಿಟೀಲುಗಳನ್ನ ಕಿರುಚಿಸಿದ ಬರ್ನಾರ್ಡ್ ಹರ್ಮನ್ ಇಲ್ಲಿ ಬರೀ ಸೌಂಡ್ ಸಲಹೆಗಾರ. ಹಕ್ಕಿಗಳ ಎಷ್ಟೋ ಕೂಗು, ರೆಕ್ಕೆ ಬಡಿತ ಟ್ರಾಟೋನಿಯಂ ಅನ್ನೋ ಎಲೆಕ್ಟ್ರಾನಿಕ್ ವಾದ್ಯದಿಂದ ಹುಟ್ಟಿದ್ದು, ಜರ್ಮನಿಯಲ್ಲಿ ಆಸ್ಕರ್ ಸಾಲಾ ಮತ್ತು ರೆಮಿ ಗಾಸ್ಮನ್ ಮಾಡಿದ್ದು. ಕೇಳುವಾಗ ಹಕ್ಕಿಯೇ ಅನ್ಸತ್ತೆ, ಆದ್ರೆ ಪೂರ್ತಿ ಹಕ್ಕಿಯಲ್ಲ. ಆ ‘ಪೂರ್ತಿ ಅಲ್ಲ’ ಅನ್ನೋದರಲ್ಲೇ ಎಲ್ಲ ಇದೆ. ಗುರುತು ಸಿಕ್ಕ ಸದ್ದು ಹೆದರಿಸಲ್ಲ. ಗುರುತೇ ಇಲ್ಲದ ಸದ್ದನ್ನ ಕಿವಿ ತಲೆ ಕೆಡಿಸಿಕೊಳ್ಳದೆ ಬಿಟ್ಬಿಡತ್ತೆ. ಅರ್ಧ ಗುರುತು ಸಿಕ್ಕ ಸದ್ದನ್ನ ಮಾತ್ರ ಬಿಡಲ್ಲ.

ನಮ್ಮ ದೇಶದಲ್ಲೂ ಈ ಪ್ರಯೋಗ ತಡವಾಗಿ ಬಂದಿದ್ದೇನಲ್ಲ. 1969ರಲ್ಲೇ ಅಹಮದಾಬಾದಿನ ರಾಷ್ಟ್ರೀಯ ವಿನ್ಯಾಸ ಸಂಸ್ಥೆಯಲ್ಲಿ ಅಮೆರಿಕದ ಡೇವಿಡ್ ಟ್ಯೂಡರ್ ಮೂಗ್ ಸಿಂಥಸೈಜರ್ ಇರೋ ಸ್ಟುಡಿಯೊ ಕಟ್ಟಿಕೊಟ್ಟಿದ್ರು. ಅಲ್ಲಿ ಭಾರತೀಯರು ಮಾಡಿದ ಟೇಪುಗಳು ದಶಕಗಟ್ಟಲೆ ಕಪಾಟಿನಲ್ಲಿದ್ದು, ಆಯ್ದ ಕೆಲವು 2023ರಲ್ಲಿ ಆಲ್ಬಂ ಆಗಿ ಹೊರಬಂದಿವೆ. ಇಯರ್‌ಫೋನ್ ಹಾಕ್ಕೊಂಡು ರಾತ್ರಿ ಕೇಳಿ, ನಮ್ಮ ಅಜ್ಜಂದಿರ ಕಾಲದ್ದು ಅಂತ ನಂಬೋಕಾಗಲ್ಲ.

ಈಗ ಅತ್ತಿಗುಪ್ಪೆ. ಮಾಗಡಿ ರಸ್ತೆಯಿಂದ ಮೈಸೂರು ರಸ್ತೆವರೆಗಿನ ನೇರಳೆ ಮಾರ್ಗ ಶುರುವಾಗಿದ್ದು 2015ರ ನವೆಂಬರ್‌ನಲ್ಲಿ. ವಿಜಯನಗರ ದಾಟಿ ಕಾರ್ಡ್ ರೋಡ್ ಮೇಲೇ ಎತ್ತರದ ಹಳಿಯಲ್ಲಿ ರೈಲು ಅತ್ತಿಗುಪ್ಪೆಗೆ ಬರತ್ತೆ. ಹಳಿ ಪಕ್ಕದ ಮೂರನೇ ಹಳಿಯಿಂದ 750 ವೋಲ್ಟ್ ಡಿಸಿ ತಗೊಂಡು, ಇನ್ವರ್ಟರ್ ಅದನ್ನ ಎಸಿ ಮಾಡಿ, ಫ್ರೀಕ್ವೆನ್ಸಿ ಏರಿಸ್ತಾ ಮೋಟಾರ್ ವೇಗ ಏರಿಸತ್ತೆ. ಹಾಗಾಗಿ ರೈಲು ಹೊರಟಾಗ ಮೋಟಾರು, ಗೇರು, ಇನ್ವರ್ಟರ್ ಎಲ್ಲ ಸೇರಿದ ಒಂದು ಕೂಗು ಮೇಲೆ ಮೇಲೆ ಏರ್ತಾ ಹೋಗತ್ತೆ. ನಿಲ್ಲೋಕೆ ಬರುವಾಗ ಅದೇ ಕೂಗು ಇಳಿಯತ್ತೆ. ಅದರ ಕೆಳಗೆ ಕಾಂಕ್ರೀಟ್ ಸೇತುವೆಯ ಗುಡುಗು. ಇದು ಈ ಏರಿಯಾದವರಿಗೆ ಕೇಳಿಸೋದೇ ಇಲ್ಲ, ಅಷ್ಟು ಅಭ್ಯಾಸ. ನಮಗೆ ಬೇಕಾಗಿರೋದೂ ಅದೇ, ಎಲ್ಲರೂ ನಂಬಿ ಮರೆತಿರೋ ಸದ್ದು.

ನಿಲ್ದಾಣದ ಒಳಗೆ ಹೋಗೋ ಅಗತ್ಯ ಇಲ್ಲ, ಸುಮ್ನೆ ಸೆಕ್ಯೂರಿಟಿಯವರಿಗೆ ಉತ್ತರ ಕೊಡ್ಬೇಕಾಗತ್ತೆ. ಕೆಳಗೆ ಫುಟ್‌ಪಾತ್ ಸಾಕು. ರಾತ್ರಿ ಹತ್ತರ ಮೇಲೆ ಹೋಗಿ, ಆಟೊ ಹಾರ್ನ್ ಕಮ್ಮಿ ಇರತ್ತೆ. ಫೋನ್ ಏರೋಪ್ಲೇನ್ ಮೋಡ್‌ಗೆ ಹಾಕಿ. ಫೋನಿನ ಜೊತೆ ಬರೋ ವಾಯ್ಸ್ ರೆಕಾರ್ಡರ್ ಬೇಡ, ಅದು ಮಾತಿಗೆ ಅಂತ ಮಾಡಿದ್ದು, ಜೋರಿನ ಸದ್ದನ್ನ ತಾನಾಗಿ ತಗ್ಗಿಸಿ ಗುಡುಗನ್ನೆಲ್ಲ ನಾಯ್ಸ್ ಅಂತ ಒರೆಸಿಬಿಡತ್ತೆ. ಆಟೊ ಗೇನ್ ಆಫ್ ಮಾಡೋಕೆ ಬಿಡೋ, ವೇವ್ ಫೈಲ್ ಉಳಿಸೋ ಆ್ಯಪ್ ಹುಡುಕಿ. ಗಾಳಿ ಬೀಸ್ತಿದ್ರೆ ಮೈಕ್ ಮೇಲೆ ಒಗೆದ ಕಾಲುಚೀಲ ಹಾಕಿ. ಮೂರು ರೈಲು ಬರೋದು, ಮೂರು ಹೊರಡೋದು. ಆಮೇಲೆ ಯಾವ ರೈಲೂ ಇಲ್ಲದ ಎರಡು ನಿಮಿಷ ಕೂಡ ರೆಕಾರ್ಡ್ ಮಾಡ್ಕೊಳ್ಳಿ. ಇದನ್ನ ಯಾರೂ ಮಾಡಲ್ಲ, ಆಮೇಲೆ ಇದೇ ಎಲ್ಲಕ್ಕಿಂತ ಜಾಸ್ತಿ ಬೇಕಾಗತ್ತೆ.

ಮನೆಗೆ ಬಂದು ಹೊರಡೋ ರೈಲಿನ 20 ಸೆಕೆಂಡ್ ತಗೊಂಡು ವೇಗ ಕಾಲು ಭಾಗಕ್ಕೆ ಇಳಿಸಿ. 80 ಸೆಕೆಂಡ್ ಆಯ್ತು, ಪಿಚ್ ಎರಡು ಆಕ್ಟೇವ್ ಕೆಳಗೆ ಹೋಯ್ತು. 800 ಹರ್ಟ್ಸ್ ಇದ್ದ ಕೂಗು ಈಗ 200. 44,100ರ ಸ್ಯಾಂಪ್ಲಿಂಗ್‌ನಲ್ಲಿ ನೈಕ್ವಿಸ್ಟ್ ಪ್ರಕಾರ 22,050ರ ತನಕ ಮಾತ್ರ ಮಾಹಿತಿ ಇತ್ತು, ನಾಲ್ಕರಿಂದ ಭಾಗಿಸಿ, 5,512ರ ಮೇಲೆ ಏನೂ ಇಲ್ಲ. ಅಂದ್ರೆ ಫಿಲ್ಟರ್ ಹಾಕದೆಯೇ ಸದ್ದು ಕತ್ತಲಾಯ್ತು, ಕಂಬಳಿ ಹೊದ್ದ ಹಾಗೆ. ರೈಲು ಅಂತ ಹೇಳಿದ್ರೆ ಹೌದು ಅನ್ಸತ್ತೆ, ಹೇಳದಿದ್ರೆ ಯಾವುದೋ ದೊಡ್ಡ ಪ್ರಾಣಿ ಉಸಿರೆಳೆದ ಹಾಗಿರತ್ತೆ. ಈ ಏರೋ ಕೂಗಿನ ಮೂರ್ನಾಲ್ಕು ಪ್ರತಿ ಮಾಡಿ, ಒಂದೊಂದನ್ನ ಒಂದೊಂದು ಆಕ್ಟೇವ್ ಅಂತರದಲ್ಲಿಟ್ಟು, ಶೆಪರ್ಡ್ ಲೆಕ್ಕದ ಹಾಗೇ ಮೇಲಿನದನ್ನ ಸಾಯಿಸಿ ಕೆಳಗಿನದನ್ನ ಹುಟ್ಟಿಸಿ. ನಿಜವಾದ ರೈಲು ವೇಗ ಮುಟ್ಟಿದ್ಮೇಲೆ ಸುಮ್ಮನಾಗತ್ತೆ. ಈ ರೈಲು ಹೊರಡ್ತಾನೇ ಇರತ್ತೆ.

ಇನ್ನೊಂದು ಆಟ ಇಸಿಯವರಿಗೆ ಇಷ್ಟ ಆಗತ್ತೆ. ಕಟ್ಟಡದ ಬೇಸ್‌ಮೆಂಟ್ ಪಾರ್ಕಿಂಗಿನಲ್ಲೋ ಹಾಸ್ಟೆಲ್ ಮೆಟ್ಟಿಲ ಬಾವಿಯಲ್ಲೋ ಒಂದು ಬಲೂನ್ ಒಡೆದು ರೆಕಾರ್ಡ್ ಮಾಡಿ. ಅದು ಆ ಜಾಗದ ಇಂಪಲ್ಸ್ ರೆಸ್ಪಾನ್ಸ್, ಪೂರ್ತಿ ಪರ್ಫೆಕ್ಟ್ ಇಂಪಲ್ಸ್ ಅಲ್ಲ, ನಮ್ಮ ಕೆಲಸಕ್ಕೆ ಸಾಕು. ಮ್ಯಾಟ್‌ಲ್ಯಾಬ್‌ನಲ್ಲಿ ರೈಲಿನ ಸದ್ದನ್ನ ಅದರ ಜೊತೆ ಕಾನ್ವಲ್ಯೂಷನ್ ಮಾಡಿದ್ರೆ, ಒಂದೇ ಲೈನ್ ಕೋಡು, ರೈಲು ಮೆಟ್ಟಿಲ ಬಾವಿಯೊಳಗೆ ಬಂದುಬಿಡತ್ತೆ. ಆಂಪ್ಲಿಟ್ಯೂಡ್ ಹಿಗ್ಗಿಹೋಗಿರತ್ತೆ, ನಾರ್ಮಲೈಸ್ ಮಾಡಿ. ಸಿಗ್ನಲ್ಸ್ ಅಂಡ್ ಸಿಸ್ಟಮ್ಸ್ ಪೇಪರ್‌ನಲ್ಲಿ ಆ ಇಂಟಿಗ್ರಲ್ ಬಿಡಿಸುವಾಗ ಇದು ಮೆಟ್ಟಿಲು ಹತ್ತೋ ರೈಲು ಅಂತ ಯಾರಾದ್ರೂ ಹೇಳಿದ್ದಿದ್ರೆ ಎಷ್ಟು ಚೆನ್ನಾಗಿರ್ತಿತ್ತು.

ಒಂದು ಸೀನ್

ಒಂದು ಉದಾಹರಣೆ ಸೀನ್ ಇಟ್ಕೊಳ್ಳೋಣ. ಅತ್ತಿಗುಪ್ಪೆಯ ಒಂದು ಪಿಜಿ, ಹಳಿ ಪಕ್ಕದ ಗಲ್ಲಿ. ಹುಡುಗಿ ರಾತ್ರಿ ಲೇಟಾಗಿ ಬಂದು ಮೂರನೇ ಮಹಡಿಗೆ ಮೆಟ್ಟಿಲು ಹತ್ತುತ್ತಾಳೆ. ಸೀನ್ 90 ಸೆಕೆಂಡ್.

ಕೆಲಸ ಆ ಸೀನ್‌ಗಿಂತ ಮುಂಚೆಯೇ ಶುರು ಆಗ್ಬೇಕು. ಸಿನಿಮಾದ ಮೊದಲ ಭಾಗದಲ್ಲಿ ಎರಡು ಸಲ ಅವಳ ರೂಮಿನ ಕಿಟಕಿ ಆಚೆ ರೈಲು ಹೋಗಲಿ. ಸದ್ದು, ಜೊತೆಗೆ ಗೋಡೆ ಮೇಲೆ ಓಡೋ ಬೆಳಕು. ಮಾಮೂಲಿ, ಯಾರೂ ಗಮನಿಸಲ್ಲ. ಪ್ರೇಕ್ಷಕರ ತಲೆಯಲ್ಲಿ ಒಂದು ಒಪ್ಪಂದ ಆಯ್ತು: ಸದ್ದು ಬಂದ್ರೆ ಬೆಳಕು ಬರತ್ತೆ.

ಈಗ ಮೆಟ್ಟಿಲು. ಮೊದಲ 20 ಸೆಕೆಂಡ್ ಸಂಗೀತ ಏನೂ ಬೇಡ. ರೈಲಿಲ್ಲದ ಆ ಎರಡು ನಿಮಿಷದ ರೆಕಾರ್ಡಿಂಗ್, ಚಪ್ಪಲಿ ಸದ್ದು, ಅಷ್ಟೇ. 20ರಿಂದ ನಿಧಾನಿಸಿದ ರೈಲು ತುಂಬಾ ಕೆಳಗೆ ಬರಲಿ, ಮೈನಸ್ 40 ಡೆಸಿಬೆಲ್ ಹತ್ರ. ಜನಕ್ಕೆ ರೈಲು ಬರ್ತಿದೆ ಅನ್ಸತ್ತೆ. ಬೆಳಕಿಗೆ ಕಾಯ್ತಾರೆ. ಬೆಳಕು ಬರಲ್ಲ. ಸದ್ದು ಮಾತ್ರ ಏರ್ತಿದೆ, ಹೋಗ್ತಾನೂ ಇಲ್ಲ. 50ರ ಹತ್ರ ಬೀಟ್ಸ್ ಸೇರಿಸಿ, ಸೆಕೆಂಡಿಗೆ ಒಂದರಿಂದ ನಾಲ್ಕರವರೆಗೆ. 78ರಲ್ಲಿ ಎಲ್ಲವನ್ನೂ ಕತ್ತರಿಸಿ. ಫೇಡ್ ಬೇಡ, ಕತ್ತರಿ. ಊರಿನ ಸದ್ದೂ ಇಲ್ಲ. ನಾಲ್ಕು ಸೆಕೆಂಡ್ ಸಂಪೂರ್ಣ ಮೌನ. ಆಮೇಲೆ ಮೇಲಿನ ಮಹಡಿಯಲ್ಲಿ ಒಂದು ಬಾಗಿಲ ಚಿಲಕ ತೆಗೆದ ಸದ್ದು, ಮಾಮೂಲಿ ಜೋರಿನಲ್ಲಿ.

ಈ ಸೀನ್‌ನಲ್ಲಿ ದೆವ್ವ ಇಲ್ಲ, ರಕ್ತ ಇಲ್ಲ, ಢಮಾರೂ ಇಲ್ಲ. ಪವನ್ ಕುಮಾರ್ ಅವರ ‘ಯು ಟರ್ನ್’ (2016, ಸಂಗೀತ ಪೂರ್ಣಚಂದ್ರ ತೇಜಸ್ವಿ) ನನಗೆ ಇಷ್ಟ ಆಗೋದು ಈ ಕಾರಣಕ್ಕೇ. ಡಬಲ್ ರೋಡ್ ಫ್ಲೈಓವರ್ ಮೇಲೆ ಡಿವೈಡರ್ ಕಲ್ಲು ಸರಿಸಿ ಅಡ್ಡದಾರಿಯಲ್ಲಿ ತಿರುಗಿಸಿಕೊಳ್ಳೋದು, ಬೆಂಗಳೂರಿನ ಗಾಡಿ ಓಡಿಸೋರಿಗೆ ಎಷ್ಟು ಮಾಮೂಲಿ ವಿಷ್ಯ. ಆ ಮಾಮೂಲಿಯನ್ನೇ ಹೆದರೋ ಹಾಗೆ ಮಾಡ್ಬಿಟ್ರು. ಹಾರರ್ ಪ್ಯಾಕ್‌ನ ಗುಂಯ್ ಸದ್ದು ಯಾವ ಊರಿನದೂ ಅಲ್ಲ, ಹಾಗಾಗಿ ಸಿನಿಮಾ ಮುಗಿದ್ಮೇಲೆ ಅದು ಹಾಲ್‌ನಲ್ಲೇ ಉಳ್ಕೊಳ್ಳತ್ತೆ. ರೈಲಿನ ಸದ್ದು ಪ್ರೇಕ್ಷಕರ ಜೊತೆ ಮನೆಗೆ ಹೋಗತ್ತೆ, ಯಾಕಂದ್ರೆ ಅದು ಅವರ ಮನೆ ಹತ್ರಾನೇ ಇದೆ.

ಸೆಮಿನಾರ್ ಹಾಲ್ ಸ್ಪೀಕರ್

ಕೊನೇ ವಿಷ್ಯ ಸಣ್ಣದು, ಆದ್ರೆ ಎಲ್ಲ ಇಲ್ಲೇ ಹಾಳಾಗೋದು. ಇಯರ್‌ಫೋನ್‌ನಲ್ಲಿ 50 ಹರ್ಟ್ಸ್ ಗುಡುಗು ಮೈ ನಡುಗಿಸತ್ತೆ. ಕಾಲೇಜು ಹಾಲ್‌ನ ಗೋಡೆ ಸ್ಪೀಕರ್‌ಗಳು ಭಾಷಣಕ್ಕೆ ಅಂತ ಹಾಕಿರೋದು, ಸಬ್‌ವೂಫರ್ ಇರಲ್ಲ, 50 ಹರ್ಟ್ಸ್ ಅಲ್ಲಿ ಸತ್ತೇ ಹೋಗತ್ತೆ. ಇದಕ್ಕೊಂದು ಉಪಾಯ ಕಿವಿಯಲ್ಲೇ ಇದೆ. 100, 150, 200, 250 ಹರ್ಟ್ಸ್ ಒಟ್ಟಿಗೆ ಕೇಳಿಸಿದ್ರೆ ಮಿದುಳು ಅವುಗಳ ಮೂಲ 50 ಅಂತ ತಾನೇ ಊಹಿಸಿಕೊಂಡು ಕೇಳತ್ತೆ, ನಿಜವಾಗಿ 50 ಅಲ್ಲಿ ಇಲ್ಲದಿದ್ರೂ. ಗುಡುಗಿನ ಟ್ರ್ಯಾಕ್‌ಗೆ ಸ್ವಲ್ಪ ಡಿಸ್ಟಾರ್ಷನ್ ಹಾಕಿದ್ರೆ ಈ ಹಾರ್ಮಾನಿಕ್ಸ್ ತಾವಾಗೇ ಬರ್ತವೆ.

ಜೋರಿನ ಲೆಕ್ಕವೂ ಅಷ್ಟೇ. 20 ಡೆಸಿಬೆಲ್ ಅಂದ್ರೆ ಆಂಪ್ಲಿಟ್ಯೂಡ್ ಹತ್ತು ಪಟ್ಟು. ಮೊದಲಿಂದಲೂ ಮೈನಸ್ 6ರಲ್ಲಿ ಗುಂಯ್ ಅಂತಿದ್ರೆ ಕೊನೆಗೆ ಏರೋಕೆ ಎರಡೇ ಪಟ್ಟು ಜಾಗ ಉಳಿಯತ್ತೆ. ಮೈನಸ್ 40ರಲ್ಲಿ ಶುರು ಮಾಡಿದ್ರೆ ಚಿಲಕದ ಸದ್ದೇ ಸಿಡಿಲಾಗತ್ತೆ. ಆದ್ರೆ ಮೈನಸ್ 40ನ್ನ ಹಾಲ್‌ನ ಫ್ಯಾನ್ ನುಂಗಿಹಾಕ್ಬೋದು. ಸ್ಕ್ರೀನಿಂಗ್ ಹಿಂದಿನ ದಿನ ಹೋಗಿ ಎಲ್ಲ ಫ್ಯಾನ್ ಹಾಕಿ, ಕೊನೇ ಸಾಲಿನಲ್ಲಿ ಕೂತು ಒಂದ್ಸಲ ಕೇಳಿ. ರೈಲು ಕೇಳಿಸದಿದ್ರೆ 6 ಡೆಸಿಬೆಲ್ ಏರಿಸಿ ಮತ್ತೆ ಕೇಳಿ. ಮೌನದ ಆ ನಾಲ್ಕು ಸೆಕೆಂಡ್‌ನಲ್ಲಿ ಫ್ಯಾನ್ ಆಫ್ ಮಾಡೋಕೆ ಸ್ವಿಚ್ ಹತ್ರ ಒಬ್ಬ ಫ್ರೆಂಡ್‌ನ ನಿಲ್ಲಿಸಿಬಿಡಬಹುದಾ ಅನ್ನೋ ಯೋಚನೆ ಬರತ್ತೆ. ಬೇಡ, ಫ್ಯಾನ್ ತಿರುಗೋದು ನಿಲ್ಲೋಕೇ ಅರ್ಧ ನಿಮಿಷ ಬೇಕು.